ನಾಲ್ಕನೇ ಪ್ರತಿವಾದಿ

ಗುಮಾಸ್ತನಿಗೂ ಒಂದು ಹೃದಯ ಇರುತ್ತದೆ, ಅದು ಎಡಭಾಗದಲ್ಲೇ ಇರುತ್ತದೆ, ಪೆಟ್ಟು ಬಿದ್ದರೆ ಅದೂ ಒಡೆಯುತ್ತದೆ ಎಂಬುದು ನಮ್ಮ ಶಿಕ್ಷಣ ಇಲಾಖೆಗೆ ಗೊತ್ತಿಲ್ಲ. ಗೊತ್ತಿದ್ದರೆ ಮಂಗಳವಾರ ಬೆಳಿಗ್ಗೆ ಹನ್ನೊಂದೂ ಇಪ್ಪತ್ತಕ್ಕೆ, ನಾನು ಎರಡನೇ ಕಾಫಿಯ ಮೊದಲ ಗುಟುಕು ಬಾಯಲ್ಲಿಟ್ಟುಕೊಂಡಿದ್ದ ಹೊತ್ತಿಗೆ ಸರಿಯಾಗಿ, ಆ ಆದೇಶ ಕಳಿಸುತ್ತಿರಲಿಲ್ಲ. ಹೆಡ್‌ಮಾಸ್ಟರು ಕಾಗದ ಹಿಡಿದುಕೊಂಡು ಖುದ್ದು ನನ್ನ ಮೇಜಿನ ಹತ್ತಿರ ಬಂದರು. (ಅವರು ಬರುವುದೇ ಅಪರೂಪ. ಸಾಮಾನ್ಯವಾಗಿ ತಮ್ಮ ಕೋಣೆಯಿಂದ ಕೂಗುತ್ತಾರೆ, ನಾನು ಕೇಳಿಸದವನಂತೆ ಕೂತಿರುತ್ತೇನೆ.)

"ನಿಮಗೆ ಟ್ರಾನ್ಸ್‌ಫರ್ ಆಗಿದೆ," ಅಂದರು.

ಬಾಯಲ್ಲಿದ್ದ ಕಾಫಿ ಹಾಜರಿ ಪುಸ್ತಕದ ಮೇಲೆ ಬಿತ್ತು. ಏಳನೇ ತರಗತಿ ಬಿ ವಿಭಾಗದ ಮೂವತ್ತಾರು ಮಕ್ಕಳು ಒಂದೇ ಏಟಿಗೆ ಅಳಿಸಿಹೋದರು.

"ಯಾರಿಗೆ? ನನಗಾ?"

"ಒಂದೇ ಕಡೆ ಹತ್ತು ವರ್ಷ ಮೀರಿದೋರನ್ನೆಲ್ಲ ಈ ಸಲ ಎತ್ತಿದ್ದಾರೆ. ನಿಮಗೆ ಹದಿನೇಳಾಯ್ತಲ್ಲ?"

ಹೌದು, ಹದಿನೇಳು ವರ್ಷ. ಆ ಹದಿನೇಳು ವರ್ಷದ ಸುಖವನ್ನು ನಿಮ್ಮ ಹತ್ತಿರ ಹೇಳಿಕೊಳ್ಳದೆ ಇನ್ಯಾರ ಹತ್ತಿರ ಹೇಳಿಕೊಳ್ಳಲಿ? ನಮ್ಮ ಮನೆಯ ಮೆಟ್ಟಿಲಿನಿಂದ ಈ ಸರ್ಕಾರಿ ಶಾಲೆಯ ಗೇಟಿಗೆ ಎಣಿಸಿ ಇನ್ನೂರ ನಲವತ್ತು ಹೆಜ್ಜೆ. ಮೊದಲನೇ ಗಂಟೆ ಹೊಡೆದ ಮೇಲೆ ಚಪ್ಪಲಿ ಹುಡುಕಲು ಶುರು ಮಾಡಿದರೂ ಎರಡನೇ ಗಂಟೆಗೆ ಮುಂಚೆ ಕುರ್ಚಿಯಲ್ಲಿರುತ್ತೇನೆ. ಮಧ್ಯಾಹ್ನ ಮನೆಗೆ ಹೋಗಿ ಬಿಸಿ ಮಾಡಿಕೊಂಡು ಉಂಡು, ಇಪ್ಪತ್ತೈದು ನಿಮಿಷ ಅಡ್ಡಾಗಿ, ಮುಖ ತೊಳೆದುಕೊಂಡು ಬರುತ್ತೇನೆ. ಕೆಲಸದ ವಿಷಯಕ್ಕೆ ಬಂದರೆ ನನ್ನಷ್ಟು ವೇಗದ ಗುಮಾಸ್ತ ಇಲಾಖೆಯಲ್ಲೇ ಇಲ್ಲ. ಕಾರಣ ಬಹಳ ಸರಳ: ನಾನು ಕಾಗದಗಳನ್ನು ಓದುವುದಿಲ್ಲ. ಓದುವುದು ಅಧಿಕಾರಿಗಳ ಧರ್ಮ, ಕಳಿಸುವುದು ಗುಮಾಸ್ತನ ಧರ್ಮ. ಪೆನ್ಸಿಲ್ಲಿನಲ್ಲಿ ಗುರುತು ಹಾಕಿದ ಕಡೆ ಸಹಿ, ಪಕ್ಕದಲ್ಲಿ ಮೊಹರು, ಹೋದ ವರ್ಷದ ಉತ್ತರಕ್ಕೆ ಈ ವರ್ಷದ ತಾರೀಕು, ಮುಗಿಯಿತು. ಓದುತ್ತಾ ಕೂತ ಗುಮಾಸ್ತರು ಏನಾದರೆಂದು ನಾನು ಕಣ್ಣಾರೆ ಕಂಡಿದ್ದೇನೆ. ಒಬ್ಬನಿಗೆ ದಪ್ಪ ಕನ್ನಡಕ ಬಂತು, ಇನ್ನೊಬ್ಬನಿಗೆ ವೈರಾಗ್ಯ.

"ಎಲ್ಲಿಗೆ ಹಾಕಿದ್ದಾರೆ ಸಾರ್?" ಎಂದು ಕೇಳಿದೆ.

ಹೆಡ್‌ಮಾಸ್ಟರು ಹೇಳಿದರು. ಮೊದಲ ಆಘಾತವೇ ಇನ್ನೂ ಇಳಿದಿರಲಿಲ್ಲ, ಅದರ ಮೇಲೆ ಎರಡನೆಯದು ಬಂದು ಕೂತಿತು. ಅದು ನಮ್ಮ ಮನೆಯವಳು ಕೆಲಸ ಮಾಡುವ ಶಾಲೆ!

ಇಲ್ಲಿ ಸ್ವಲ್ಪ ವಿವರಣೆ ಬೇಕು. ನನ್ನ ಧರ್ಮಪತ್ನಿಯೂ ಇದೇ ಇಲಾಖೆಯಲ್ಲಿ ಗುಮಾಸ್ತೆ. ಅವಳದ್ದು ದೊಡ್ಡ ಶಾಲೆ, ಮೂವರು ಗುಮಾಸ್ತರಿದ್ದಾರೆ. ಆದರೆ ಅದಿರುವುದು ಮನೆಯಿಂದ ಎರಡು ಬಸ್ಸು ಬದಲಾಯಿಸಿ ಹೋಗುವಷ್ಟು ದೂರದಲ್ಲಿ. ಹೋಗುವುದಕ್ಕೆ ಒಂದೂ ಮುಕ್ಕಾಲು ಗಂಟೆ, ಬರುವುದಕ್ಕೆ ಒಂದೂ ಮುಕ್ಕಾಲು ಗಂಟೆ. ಹನ್ನೊಂದು ವರ್ಷದಿಂದ ಬೆಳಗಿನ ಜಾವ ನಾಲ್ಕೂವರೆಗೆ ಅಲಾರಾಂ ಹೊಡೆಯುತ್ತದೆ. (ನನ್ನ ನಿದ್ದೆಗೆ ಅದರಿಂದ ಎಷ್ಟು ತೊಂದರೆ ಎಂದು ನಾನು ಯಾರಿಗೂ ಹೇಳಿಕೊಂಡಿಲ್ಲ.) ಎದ್ದು ಎರಡು ಹೊತ್ತಿನ ಅಡುಗೆ ಮುಗಿಸಿ ಆರೂ ಹತ್ತರ ಬಸ್ಸಿಗೆ ಓಡುತ್ತಾಳೆ, ಸಂಜೆ ಏಳೂಕಾಲಿಗೆ ಬಂದು ಗೋಡೆ ಹಿಡಿದುಕೊಂಡು ಚಪ್ಪಲಿ ಬಿಚ್ಚುತ್ತಾಳೆ. ಪ್ರತಿವರ್ಷ ಮನೆಯ ಹತ್ತಿರಕ್ಕೆ ವರ್ಗ ಕೊಡಿ ಎಂದು ಅರ್ಜಿ ಹಾಕುತ್ತಾಳೆ, ಪ್ರತಿವರ್ಷ ಆಗುವುದಿಲ್ಲ ಎಂದು ಬರುತ್ತದೆ. ಒಂದೊಂದು ಸಲ ಬಸ್ಸಿನ ಕಷ್ಟ ಹೇಳಲು ಶುರು ಮಾಡಿದರೆ ನಾನು ಪತ್ರಿಕೆಯ ಹಿಂದಿನಿಂದಲೇ ಸಮಾಧಾನ ಮಾಡುತ್ತೇನೆ: "ಬಸ್ಸಲ್ಲಿ ಹೋಗೋಕೆ ಏನೇ ಕಷ್ಟ? ಓಡಿಸೋನು ಡ್ರೈವರು. ನೀನು ಗಾಳಿ ಕುಡೀತಾ ಕೂತ್ಕೊಳ್ಳೋದು ತಾನೆ?"

ಈಗ ಆ ಗಾಳಿ ಕುಡಿಯುವ ಸರದಿ ನನಗೆ ಬಂದಿತ್ತು. ಅಷ್ಟೇ ಆಗಿದ್ದರೆ ಹೇಗೋ ಸಹಿಸುತ್ತಿದ್ದೆನೇನೋ. ಆದರೆ ಯೋಚನೆ ಮಾಡಿ: ಹೋಗುವಾಗ ಬರುವಾಗ ಪಕ್ಕದಲ್ಲಿ ಹೆಂಡತಿ, ಕಚೇರಿಯಲ್ಲಿ ಎದುರು ಮೇಜಿನಲ್ಲಿ ಹೆಂಡತಿ, ಮನೆಗೆ ಬಂದರೆ ಮತ್ತೆ ಅದೇ ಹೆಂಡತಿ! ಗುಮಾಸ್ತ ಅನ್ನುವ ಪ್ರಾಣಿ ದಿನದಲ್ಲಿ ಏಳು ಗಂಟೆಯಾದರೂ ಯಾರ ಕಣ್ಣಿಗೂ ಬೀಳದೆ ಇರಬೇಕು. ಇಲ್ಲದಿದ್ದರೆ ಅವನು ಬದುಕುವುದಿಲ್ಲ.

"ನಿಮ್ಮ ಜಾಗಕ್ಕೆ ಒಬ್ಬರು ಹೆಣ್ಣುಮಗಳು ಬರ್ತಿದ್ದಾರೆ," ಅಂದರು ಹೆಡ್‌ಮಾಸ್ಟರು. "ಅವರದು ಕೋರಿಕೆ ವರ್ಗಾವಣೆ. ಎರಡನೇ ಪಟ್ಟಿಯಲ್ಲಿ ಹೆಸರಿದೆ. ನೋಡಿ."

"ನೋಡಲ್ಲ ಸಾರ್."

"ನೋಡಿದ್ರೆ ಒಳ್ಳೇದು," ಎಂದು ಅವರು ಮೀಸೆಯಲ್ಲೇ ನಕ್ಕರು. ನನ್ನ ಮನೆ ಮುಳುಗುತ್ತಿರುವಾಗ ಈ ಮನುಷ್ಯನಿಗೆ ನಗು ಬರುತ್ತದಲ್ಲ ಎಂದು ನನಗೆ ಮೈಯೆಲ್ಲ ಉರಿಯಿತು. ಎರಡನೇ ಪಟ್ಟಿ ಹದಿನಾಲ್ಕು ಪುಟ. ಮಡಚಿ ಜೇಬಿಗಿಟ್ಟುಕೊಂಡೆ.

ಅವತ್ತು ಸಂಜೆ ನಮ್ಮ ಮನೆಯವಳು ಎಂದಿನಂತೆ ಗೋಡೆ ಹಿಡಿದುಕೊಂಡು ಬರಲಿಲ್ಲ. ಕೈಯಲ್ಲಿ ಸಿಹಿತಿಂಡಿಯ ಡಬ್ಬಿ, ಮುಖದಲ್ಲಿ ಮದುವೆಯ ಫೋಟೋದಲ್ಲೂ ಇಲ್ಲದಂಥ ನಗು. ಅವಳು ಬಾಯಿ ತೆರೆಯುವುದಕ್ಕೆ ಮುಂಚೆಯೇ ನಾನು ತೆರೆದೆ.

"ನಿನ್ನ ಗಂಡನ ಕುತ್ತಿಗೆ ಕೊಯ್ದುಬಿಟ್ರು ಕಣೇ! ನನ್ನ ಕುರ್ಚಿ ಹೋಯ್ತು! ಯಾವಳೋ ಒಬ್ಬಳು, ಯಾರ ಕಾಲು ಹಿಡಿದಳೋ ಏನೋ, ನನ್ನ ಜಾಗ ಹೊಡ್ಕೊಂಡುಬಿಟ್ಟಳು!"

ಅವಳ ನಗು ಅಲ್ಲೇ ನಿಂತಿತು. "ಅವಳು ಯಾರು ಅಂತ ನೋಡಿದ್ರಾ?"

"ನೋಡೋದೇನು? ನನ್ನ ಜಾಗದ ಮೇಲೆ ಕಣ್ಣು ಹಾಕಿದೋಳು ಅಂದ ಮೇಲೆ ಎಂಥ ಹೆಂಗಸು ಅಂತ ಗೊತ್ತಾಗಲ್ವಾ?"

"ಪಾಪ, ಅವಳಿಗೆ ಏನು ಕಷ್ಟ ಇತ್ತೋ."

"ಅಂಥೋರಿಗೆ ಕಷ್ಟ ಏನೇ ಇರುತ್ತೆ? ಕೊಬ್ಬು! ನಾನು ಬಿಡಲ್ಲ. ಕೋರ್ಟಿಗೆ ಹೋಗ್ತೀನಿ, ತಡೆಯಾಜ್ಞೆ ತರ್ತೀನಿ, ಆ ಹೆಂಗಸಿಗೆ ಒಂದು ಪಾಠ ಕಲಿಸ್ತೀನಿ. ನೀನೇ ನೋಡ್ತಿರು."

"ನೋಡ್ತೀನಿ," ಅಂದಳು. ಡಬ್ಬಿಯನ್ನು ಮೇಜಿನ ಮೇಲಿಟ್ಟು ಒಳಗೆ ಹೋದಳು. ಗಂಡನ ದುಃಖ ನೋಡಲಾಗದೆ ಹೋದಳು ಎಂದುಕೊಂಡು ನಾನು ಡಬ್ಬಿ ತೆರೆದು ತಿನ್ನತೊಡಗಿದೆ. ದುಃಖದಲ್ಲಿ ಹಸಿವು ಜಾಸ್ತಿ. ಮಲಗುವ ಮುಂಚೆ ನೋಡಿದರೆ ಅಲಾರಾಂ ಗಡಿಯಾರದ ಮುಳ್ಳು ಏಳು ಗಂಟೆಯ ಮೇಲಿತ್ತು. ಅವಳು ಅದನ್ನು ಮತ್ತೆ ನಾಲ್ಕೂವರೆಗೆ ತಿರುಗಿಸುತ್ತಿದ್ದಳು. ಇದು ಯಾವಾಗ ಏಳಕ್ಕೆ ಹೋಯಿತು ಎಂದು ಕೇಳಬೇಕೆನ್ನಿಸಿತು, ಅಷ್ಟರಲ್ಲಿ ನಿದ್ದೆ ಬಂತು.

(ನೀವು ಜಾಣರು. ನಿಮಗೆ ಈಗಾಗಲೇ ವಿಷಯ ಹೊಳೆದಿರುತ್ತದೆ. ನನಗೆ ಹೊಳೆದಿರಲಿಲ್ಲ. ದಯವಿಟ್ಟು ನಗಬೇಡಿ, ಇನ್ನೂ ಬಹಳ ಇದೆ.)

ನಮ್ಮ ಊರಿನಲ್ಲಿ ನೌಕರರ ವರ್ಗಾವಣೆ ಕೇಸುಗಳಿಗೆಂದೇ ಒಬ್ಬ ವಕೀಲರಿದ್ದಾರೆ. ಎಲ್ಲರೂ ಅವರನ್ನು ತಡೆಯಾಜ್ಞೆ ಲಾಯರು ಎಂದೇ ಕರೆಯುವುದು. ಅವರ ಕಚೇರಿಯಲ್ಲಿ ಬೆಂಚು, ಕುರ್ಚಿ, ಕಿಟಕಿಯ ಕಟ್ಟೆ ಎಲ್ಲದರ ಮೇಲೂ ಮೇಷ್ಟರುಗಳು, ಗುಮಾಸ್ತರುಗಳು ಪೆಚ್ಚುಮೋರೆ ಹಾಕಿಕೊಂಡು ಕೂತಿದ್ದರು. ಒಬ್ಬ ಡ್ರಾಯಿಂಗ್ ಮೇಷ್ಟರು ತಮ್ಮ ವರ್ಗಾವಣೆಯ ನಕ್ಷೆಯನ್ನೇ ಬಣ್ಣದಲ್ಲಿ ಬರೆದು ತಂದಿದ್ದರು. ನನ್ನ ಸರದಿ ಬಂದಾಗ ಲಾಯರು ಕಣ್ಣು ಮುಚ್ಚಿಕೊಂಡು ಕೇಳಿದರು, "ಕಷ್ಟ ಹೇಳಿ."

"ಎರಡು ಬಸ್ಸು ಸಾರ್."

"ಎರಡು ಬಸ್ಸು ಎಲ್ಲರಿಗೂ ಇದೆ. ಕಷ್ಟ ಹೇಳಿ. ಕೇಳಿದ ಜಡ್ಜಿಗೆ ಮಂಡಿ ನೋಯಬೇಕು."

ಆಗ ನನಗೇ ಆಶ್ಚರ್ಯವಾಗುವಂತೆ ನನ್ನ ಬಾಯಿಂದ ಅದೆಲ್ಲ ಹೊರಟಿತು. ಆರೂ ಹತ್ತರ ಬಸ್ಸಿನಲ್ಲಿ ಸೀಟು ಸಿಗುವುದಿಲ್ಲ, ಮೇಲಿನ ಕಂಬಿಗೆ ಕೈ ಎಟುಕುವುದಿಲ್ಲ, ತಿರುವು ಬಂದಾಗಲೆಲ್ಲ ಪಕ್ಕದವರ ಬುತ್ತಿಯ ಡಬ್ಬಿ ಪಕ್ಕೆಗೆ ತಿವಿಯುತ್ತದೆ. ಸೇತುವೆಯ ಹತ್ತಿರ ಇಳಿದು ಎರಡನೇ ಬಸ್ಸಿಗೆ ಕಾಯಬೇಕು, ಅಲ್ಲಿ ನೆರಳಿಲ್ಲ. ಅದು ಬರುತ್ತದೋ ಇಲ್ಲವೋ ಎಂದು ಅದರ ಡ್ರೈವರಿಗೂ ಗೊತ್ತಿರುವುದಿಲ್ಲ. ಇಳಿದ ಮೇಲೆ ಹತ್ತು ನಿಮಿಷ ಕೆಸರಿನ ದಾರಿ. ಮೂರನೇ ವರ್ಷಕ್ಕೆ ಬೆನ್ನು ಹಿಡಿಯುತ್ತದೆ, ಆರನೇ ವರ್ಷಕ್ಕೆ ಎಡ ಮಂಡಿ ಹೋಗುತ್ತದೆ, ಆಮೇಲೆ ರಾತ್ರಿ ಕಾಲು ಸೆಳೆತಕ್ಕೆ ಎಚ್ಚರವಾಗುತ್ತದೆ. ಹನ್ನೊಂದು ವರ್ಷ ಪತ್ರಿಕೆಯ ಹಿಂದೆ ಕೂತು ಒಂದು ಮಾತೂ ಕೇಳಿಸಿಕೊಂಡಿಲ್ಲ ಎಂದುಕೊಂಡಿದ್ದೆ. ನೋಡಿದರೆ ಎಲ್ಲವೂ ಅಕ್ಷರಶಃ ಬಾಯಿಪಾಠ!

ಲಾಯರು ಕಣ್ಣು ತೆರೆದರು. ಕಣ್ಣಲ್ಲಿ ನೀರಿತ್ತು. "ಸಾಕು. ಇದು ಮನುಷ್ಯಮಾತ್ರರು ಮಾಡೋ ಪ್ರಯಾಣ ಅಲ್ಲ ಅಂತ ಬರೀತೀನಿ. ಇನ್ನು ನಿಮ್ಮ ಜಾಗಕ್ಕೆ ಬರ್ತಿರೋರು?"

"ಯಾವಳೋ ಪ್ರಭಾವಿ ಹೆಂಗಸು. ಚೆನ್ನಾಗಿ ಬಯ್ದು ಬರೀರಿ ಸಾರ್."

"ಪಟ್ಟಿ ಕೊಡಿ. ಹೆಸರು ನಮ್ಮ ಟೈಪಿಸ್ಟು ನೋಡ್ಕೊಳ್ತಾನೆ. ಸರ್ಕಾರ, ಇಲಾಖೆ, ನಿರ್ದೇಶಕರು ಮೊದಲ ಮೂವರು ಪ್ರತಿವಾದಿಗಳು. ಆಯಮ್ಮ ನಾಲ್ಕನೇ ಪ್ರತಿವಾದಿ."

ಭಾನುವಾರ ಸಹಿ ಹಾಕಲು ಕಾಗದಗಳು ಮನೆಗೇ ಬಂದವು. ಮೂವತ್ತೆಂಟು ಪುಟ, ಪ್ರತಿ ಪುಟದಲ್ಲೂ ಪೆನ್ಸಿಲ್ಲಿನ ಗುರುತು. ಊಟದ ಮೇಜಿನ ಮೇಲೆ ಹರಡಿಕೊಂಡು ಸರಸರನೆ ಸಹಿ ಹಾಕುತ್ತಾ ಹೋದೆ. ಕಾಫಿ ತಂದ ನಮ್ಮ ಮನೆಯವಳು ನನ್ನ ಹೆಗಲ ಮೇಲಿಂದ ಬಗ್ಗಿ ನೋಡುತ್ತಾ ನಿಂತಳು. ಬಹಳ ಹೊತ್ತು ನಿಂತಳು. ಕಾಫಿ ತಣ್ಣಗಾಯಿತು.

"ರೀ, ಒಂದ್ಸಲ ಓದ್ಬಿಟ್ಟು ಸಹಿ ಮಾಡಿ."

"ಓದೋಕೆ ಲಾಯರಿದ್ದಾರೆ."

"ನಾಲ್ಕನೇ ಪ್ರತಿವಾದಿ ಬಗ್ಗೆ ಏನೇನೋ ಬರ್ದಿದೆಯಲ್ರೀ. ದುರಾಸೆಯೋಳು, ಕುತಂತ್ರಿ, ಇನ್ನೊಬ್ಬರ ಸಂಸಾರ ಹಾಳು ಮಾಡೋ ದುರುದ್ದೇಶದೋಳು ಅಂತ."

"ಕಮ್ಮಿಯಾಯ್ತು," ಅಂದೆ, ಇಪ್ಪತ್ತೇಳನೇ ಪುಟಕ್ಕೆ ಸಹಿ ಹಾಕುತ್ತಾ.

"ಆಮೇಲೆ ಇಲ್ಲಿ, ಹೆಂಡತಿ ಇರೋ ಕಚೇರಿಗೆ ಹಾಕಿರೋದ್ರಿಂದ ಅರ್ಜಿದಾರನ ಮಾನಸಿಕ ಆರೋಗ್ಯ ಕೆಡುತ್ತೆ ಅಂತ ಇದೆ."

ಪೆನ್ನು ಒಂದು ಕ್ಷಣ ನಿಂತಿತು. "ಅದು ಕಾನೂನಿನ ಭಾಷೆ ಕಣೇ. ಹಾಗೇ ಬರೀಬೇಕು. ನೀನು ಮನಸ್ಸಿಗೆ ಹಚ್ಕೋಬೇಡ."

"ಇಲ್ಲಪ್ಪ, ಹಚ್ಕೊಳ್ಳಲ್ಲ," ಎಂದು ಅವಳು ತಣ್ಣಗಿನ ಕಾಫಿಯನ್ನೇ ನನ್ನ ಮುಂದಿಟ್ಟು ಹೋದಳು.

ಮೂರು ದಿನಕ್ಕೆ ತಡೆಯಾಜ್ಞೆ ಸಿಕ್ಕಿತು! ಎರಡು ವಾರ ಯಾರೂ ಅಲುಗಾಡುವಂತಿಲ್ಲ, ಪ್ರತಿವಾದಿಗಳಿಗೆ ನೋಟೀಸು, ಆಮೇಲೆ ವಿಚಾರಣೆ. ನಾನು ಯುದ್ಧ ಗೆದ್ದವನಂತೆ ಶಾಲೆಯಿಂದ ಮನೆಗೆ ಇನ್ನೂರ ನಲವತ್ತು ಹೆಜ್ಜೆಯನ್ನು ನೂರ ಎಂಬತ್ತರಲ್ಲಿ ಮುಗಿಸಿದೆ. ಏಳೂಕಾಲಿಗೆ ಅವಳು ಒಳಗೆ ಬರುತ್ತಿದ್ದಂತೆ ಕೂಗಿದೆ, "ತಡೆದುಬಿಟ್ಟೆ ಕಣೇ! ತಡೆದುಬಿಟ್ಟೆ!"

ಅವಳು ಗೋಡೆ ಹಿಡಿದುಕೊಂಡು ಒಂದು ಚಪ್ಪಲಿ ಬಿಚ್ಚಿದಳು. "ಯಾರನ್ನ ತಡೆದ್ರಿ?"

"ಆ ಹೆಂಗಸನ್ನ! ಸೋಮವಾರ ಬಂದು ನನ್ನ ಕುರ್ಚಿಯಲ್ಲಿ ಕೂತ್ಕೊಳ್ತೀನಿ ಅಂತ ಕನಸು ಕಾಣ್ತಿದ್ದಳಲ್ಲ, ಅವಳ ಮುಖ ಈಗ ನೋಡಬೇಕಿತ್ತು!"

ಅವಳು ತಲೆಯೆತ್ತಿ ನನ್ನನ್ನೇ ನೋಡಿದಳು. ನಾನೂ ಅವಳ ಮುಖ ನೋಡಿದೆ. ನನಗೇನೂ ಕಾಣಿಸಲಿಲ್ಲ. ಇನ್ನೊಂದು ಚಪ್ಪಲಿ ಬಿಚ್ಚಿ, "ಅಡುಗೆಗೆ ತರಕಾರಿ ಹೆಚ್ಚಿಟ್ಟಿದ್ದೀರಾ?" ಎಂದು ಕೇಳಿದಳು. ಹೆಚ್ಚಿರಲಿಲ್ಲ. ಗೆದ್ದ ದಿನ ತರಕಾರಿ ಯಾರು ಹೆಚ್ಚುತ್ತಾರೆ?

ವಿಚಾರಣೆಯ ದಿನ ಬಂತು. ಅವಳು ಎಂದಿನಂತೆ ಆರಕ್ಕೇ ಹೊರಟುಹೋದಳು. ನಾನು ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ನ್ಯಾಯಮಂಡಳಿಯ ಮೊದಲ ಸಾಲಿನಲ್ಲಿ, ಜಡ್ಜರಿಗೆ ನನ್ನ ಸಂಕಟ ಸರಿಯಾಗಿ ಕಾಣುವಂಥ ಜಾಗ ನೋಡಿ ಕೂತೆ. ಜಡ್ಜರು ವಯಸ್ಸಾದವರು. ಪುಟ ತಿರುವುವಾಗ ಬೆರಳನ್ನು ನಾಲಿಗೆಗೆ ಒತ್ತಿಕೊಳ್ಳುತ್ತಿದ್ದರು. ನನಗೆ ಸ್ವಲ್ಪ ಭಯವಾಯಿತು. ಈ ಮನುಷ್ಯ ಓದುವವನು!

ನಮ್ಮ ಲಾಯರು ಎದ್ದು ನನ್ನ ಕಷ್ಟಗಳನ್ನು ರಾಗವಾಗಿ ಹೇಳಿದರು. ಮಂಡಿಯ ಭಾಗಕ್ಕೆ ಬಂದಾಗ ಹಿಂದೆ ಕೂತಿದ್ದ ಯಾರೋ ನಿಟ್ಟುಸಿರು ಬಿಟ್ಟರು. ಜಡ್ಜರು ನನ್ನನ್ನೇ ನಿಲ್ಲಲು ಹೇಳಿದರು.

"ಬಸ್ಸಿನ ವಿಚಾರ ಇಷ್ಟು ವಿವರವಾಗಿ ಬರೆದಿದ್ದೀರಿ. ನೀವು ಆ ಬಸ್ಸಲ್ಲಿ ಹೋಗಿದ್ದೀರಾ?"

"ಇಲ್ಲ ಮಹಾಸ್ವಾಮಿ."

"ಮತ್ತೆ ಹೇಗೆ ಗೊತ್ತು?"

"ನಮ್ಮ ಮನೆಯವಳು ಹನ್ನೊಂದು ವರ್ಷದಿಂದ ದಿನಾ ಹೋಗಿ ಬರ್ತಿದ್ದಾಳೆ ಮಹಾಸ್ವಾಮಿ," ಎಂದು ನಾನು ಎದೆಯುಬ್ಬಿಸಿ ಹೇಳಿದೆ.

ಜಡ್ಜರು ಬೆರಳು ನಾಲಿಗೆಗೆ ಒತ್ತಿಕೊಂಡು ಒಂಬತ್ತನೇ ಪುಟ ತೆಗೆದರು. "ಮನುಷ್ಯಮಾತ್ರರು ಮಾಡಲಾಗದ ಪ್ರಯಾಣ ಅಂತ ಇದೆಯಲ್ಲ ಇಲ್ಲಿ?"

"ಅವಳಿಗೆ ಅಭ್ಯಾಸ ಆಗಿದೆ ಮಹಾಸ್ವಾಮಿ."

ನಮ್ಮ ಲಾಯರು ನನ್ನ ಅಂಗಿಯ ತುದಿ ಹಿಡಿದು ಎಳೆದರು. ಯಾಕೆ ಎಳೆಯುತ್ತಿದ್ದಾರೆಂದು ನನಗೆ ತಿಳಿಯಲಿಲ್ಲ.

"ಸರಿ," ಅಂದರು ಜಡ್ಜರು, "ಈ ನಾಲ್ಕನೇ ಪ್ರತಿವಾದಿ ಮೇಲೆ ಬಹಳ ಆಪಾದನೆ ಮಾಡಿದ್ದೀರಿ. ಆಕೆಗೂ ನಿಮಗೂ ಮೊದಲಿಂದ ಏನಾದರೂ ದ್ವೇಷ ಇದೆಯಾ?"

"ಅಯ್ಯೋ, ದ್ವೇಷ ಎಲ್ಲಿಂದ ಬರಬೇಕು ಮಹಾಸ್ವಾಮಿ? ಆ ಹೆಂಗಸನ್ನ ನಾನು ಈ ಜನ್ಮದಲ್ಲಿ ನೋಡೇ ಇಲ್ಲ!"

"ಹೌದು ಮಹಾಸ್ವಾಮಿ," ಎಂದು ಹಿಂದಿನ ಸಾಲಿನಿಂದ ಒಂದು ಧ್ವನಿ ಬಂತು. "ಅದು ಮಾತ್ರ ನಿಜ. ಅವರು ನನ್ನನ್ನ ನೋಡಿಲ್ಲ."

ಆ ಧ್ವನಿ ನನಗೆ ಗೊತ್ತು. ಇಪ್ಪತ್ತೊಂದು ವರ್ಷದಿಂದ ಅದೇ ಧ್ವನಿ ನನ್ನನ್ನು ಊಟಕ್ಕೆ ಕರೆಯುತ್ತಿದೆ. ತಿರುಗಿ ನೋಡಿದೆ. ನನ್ನ ಅರ್ಧಾಂಗಿ, ಕೈಯಲ್ಲಿ ನೋಟೀಸು ಹಿಡಿದುಕೊಂಡು ನಿಂತಿದ್ದಳು! ಗೋಡೆಯ ಗಡಿಯಾರ, ಜಡ್ಜರ ಕುರ್ಚಿ, ಮೇಲಿನ ಫ್ಯಾನು ಎಲ್ಲ ಒಟ್ಟಿಗೆ ತಿರುಗಿದವು. ಫ್ಯಾನು ಮೊದಲಿಂದಲೂ ತಿರುಗುತ್ತಿತ್ತಂತೆ, ಆಮೇಲೆ ಲಾಯರು ಹೇಳಿದರು.

"ನೀವು ಯಾರಮ್ಮ?"

"ನಾನೇ ನಾಲ್ಕನೇ ಪ್ರತಿವಾದಿ. ದುರಾಸೆಯೋಳು, ಕುತಂತ್ರಿ, ಸಂಸಾರ ಹಾಳು ಮಾಡೋಳು. ಅರ್ಜಿದಾರರ ಹೆಂಡತಿನೂ ನಾನೇ."

ಜಡ್ಜರು ಕನ್ನಡಕ ತೆಗೆದರು, ಒರೆಸಿದರು, ಹಾಕಿಕೊಂಡರು. "ವಕೀಲರನ್ನ ಇಟ್ಕೊಂಡಿಲ್ವಾ?"

"ಬೇಡ ಮಹಾಸ್ವಾಮಿ. ನಾನು ಹೇಳಬೇಕಾದ್ದನ್ನೆಲ್ಲ ನಮ್ಮ ಯಜಮಾನರೇ ಅವರ ಅರ್ಜಿಯಲ್ಲಿ ಬರೆಸಿದ್ದಾರೆ. ಬೆನ್ನು ನನ್ನದು, ಮಂಡಿ ನನ್ನದು, ಕಾಲು ಸೆಳೆತನೂ ನನ್ನದೇ. ಒಂದೇ ಒಂದು ಮಾತು ಸೇರಿಸ್ತೀನಿ. ನಮ್ಮ ಮನೆ ಹಿಂದಿನ ಕೋಣೆಗೆ ಮಧ್ಯಾಹ್ನ ಒಳ್ಳೇ ಬಿಸಿಲು ಬರುತ್ತಂತೆ, ಪಕ್ಕದ ಮನೆಯೋರು ಹೇಳ್ತಾರೆ. ಈ ಬಸ್ಸು ಹಿಡಿದು ಹನ್ನೊಂದು ವರ್ಷ ಆಯ್ತು. ಕೆಲಸದ ದಿನ ಆ ಬಿಸಿಲನ್ನ ನಾನು ಒಂದು ಸಲನೂ ನೋಡಿಲ್ಲ."

ಸರ್ಕಾರಿ ವಕೀಲರು ತಮ್ಮ ಕಡತ ಮುಚ್ಚಿ ದಾರ ಕಟ್ಟಿದರು. ನಮ್ಮ ಲಾಯರು ನನ್ನಿಂದ ಎರಡು ಕುರ್ಚಿ ಆಚೆಗೆ ಸರಿದರು. ಜಡ್ಜರು ನನ್ನ ಕಡೆ ನೋಡಿದ ನೋಟವಿದೆಯಲ್ಲ, ಅದನ್ನು ನಾನು ಯಾವ ಭಾಷೆಯಲ್ಲೂ ವರ್ಣಿಸಲಾರೆ. "ಅರ್ಜಿದಾರರ ಅರ್ಜಿಯಿಂದಲೇ ನಾಲ್ಕನೇ ಪ್ರತಿವಾದಿಯ ಕಷ್ಟ ಸಂಪೂರ್ಣವಾಗಿ ಸಾಬೀತಾಗಿದೆ. ತಡೆಯಾಜ್ಞೆ ರದ್ದು. ಅರ್ಜಿ ವಜಾ," ಎಂದು ಬರೆಸಿದರು.

ಹೊರಗೆ ಮೆಟ್ಟಿಲಿನ ಮೇಲೆ ಕೇಳಿದೆ, "ಒಂದು ಮಾತು ಹೇಳಬಾರದಿತ್ತೇನೇ?"

"ಮೂರು ಸಲ ಕೇಳಿದೆ, ನೋಡಿದ್ರಾ, ಓದಿದ್ರಾ, ಯಾರನ್ನ ತಡೆದ್ರಿ ಅಂತ. ಇನ್ನು ಹೇಗೆ ಹೇಳಬೇಕಿತ್ತು? ಡಂಗುರ ಹೊಡೀಬೇಕಿತ್ತಾ?"

"ನಿನಗೆ ನನ್ನ ಜಾಗನೇ ಬೇಕಾಗಿತ್ತಾ?"

"ಮನೆ ಹತ್ತಿರ ಯಾವ ಸ್ಕೂಲಾದ್ರೂ ಸರಿ ಅಂತ ಬರ್ದಿದ್ದೆ. ಅವರು ನಿಮ್ಮ ಜಾಗ ಕೊಟ್ರು. ನಿಮ್ಮನ್ನ ನನ್ನ ಜಾಗಕ್ಕೆ ಹಾಕಿದ್ದು ಗೊತ್ತಾದಾಗ ನನಗೂ ಬೇಜಾರಾಯ್ತು ರೀ. ಸಿಹಿ ತಗೊಂಡು ಬಂದೆ, ಕೂತು ಮಾತಾಡಿ ಏನಾದ್ರೂ ದಾರಿ ಹುಡುಕೋಣ ಅಂತ. ನೀವು ಡಬ್ಬಿ ಖಾಲಿ ಮಾಡಿದ್ರಿ."



ಕಥೆ ಇಲ್ಲಿಗೆ ಮುಗಿದಿದ್ದರೆ ನಾನು ಸೋತ ಗಂಡ ಅನ್ನಿಸಿಕೊಂಡು ಗೌರವದಿಂದ ತಲೆ ತಗ್ಗಿಸಿಕೊಂಡು ಹೋಗುತ್ತಿದ್ದೆ. ಆದರೆ ಇಲಾಖೆಯಲ್ಲಿ ಒಂದು ನಿಯಮವಿದೆ. ಹೋಗುವವನು ಬರುವವರಿಗೆ ಚಾರ್ಜು ಒಪ್ಪಿಸಬೇಕು. ಬೀರುವಿನಲ್ಲಿರುವ ಪ್ರತಿ ವಸ್ತುವನ್ನೂ ಪ್ರತಿ ಕಡತವನ್ನೂ ಪಟ್ಟಿ ಮಾಡಿ, ಇಬ್ಬರೂ ಸಹಿ ಹಾಕಬೇಕು. ನಾನು ಹದಿನೇಳು ವರ್ಷದ ಹಿಂದೆ ಚಾರ್ಜು ತೆಗೆದುಕೊಂಡಾಗ ಅದಕ್ಕೆ ಆರು ನಿಮಿಷ ಹಿಡಿದಿತ್ತು. ಸೋಮವಾರ ಬೆಳಿಗ್ಗೆ ನಮ್ಮ ಮನೆಯವಳು ನನ್ನ ಕುರ್ಚಿಯಲ್ಲಿ ಕೂತು, ಹೊಸ ಪೆನ್ನಿನ ಮುಚ್ಚಳ ತೆಗೆದು, ಮೊದಲ ಕಡತ ಬಿಚ್ಚಿ ಓದಲು ಶುರು ಮಾಡಿದಳು. ಬುಧವಾರ ಮಧ್ಯಾಹ್ನವಾದರೂ ಓದುತ್ತಲೇ ಇದ್ದಳು.

"ಇದೇನು?" ಎಂದು ಕೆಳಗಿನ ಖಾನೆಯಿಂದ ಒಂದನ್ನು ಎಳೆದಳು.

"ದಿಂಬು."

ಅವಳು ಪಟ್ಟಿಯಲ್ಲಿ ಬರೆದಳು: ದಿಂಬು, ಒಂದು, ಶಾಲೆಯ ಸ್ವತ್ತಲ್ಲ. ಹೆಡ್‌ಮಾಸ್ಟರು ಬಾಗಿಲಲ್ಲಿ ನಿಂತು ಸಿನಿಮಾ ನೋಡುವವರಂತೆ ನೋಡುತ್ತಿದ್ದರು.

"ಆ ಪಕ್ಕದ ಮೇಜು ಯಾರದು?" ಕಿಟಕಿಯ ಹತ್ತಿರ ಒಡೆದ ಭೂಗೋಳ, ಸುತ್ತಿಟ್ಟ ನಕ್ಷೆಗಳನ್ನು ಹೇರಿದ್ದ ಮೇಜೊಂದಿತ್ತು.

"ಯಾರದೂ ಅಲ್ಲ. ಮೊದಲು ಇಲ್ಲಿ ಇಬ್ಬರು ಗುಮಾಸ್ತರಿದ್ವಿ. ಅವರು ನಿವೃತ್ತರಾಗಿ ಹನ್ನೆರಡು ವರ್ಷ ಆಯ್ತು. ಆಮೇಲೆ ಯಾರೂ ಬರಲಿಲ್ಲ."

"ಯಾಕೆ ಬರಲಿಲ್ಲ?"

"ನನಗೇನು ಗೊತ್ತು? ಇಲಾಖೆ ಕಳ್ಸಲಿಲ್ಲ."

ಅವಳು ಏನೋ ಯೋಚಿಸುತ್ತಾ ಇನ್ನೊಂದು ಕಡತ ಬಿಚ್ಚಿದಳು. ಅದರ ಮೇಲೆ ಧೂಳು ಒಂದು ಪದರ ಇತ್ತು. ಒಂದು ಪುಟ ಓದಿದಳು, ಇನ್ನೊಂದು ಓದಿದಳು. ನಂತರ ಓದುವುದು ನಿಲ್ಲಿಸಿ ಕಡತವನ್ನು ನನ್ನ ಕಡೆ ತಿರುಗಿಸಿದಳು. "ರೀ, ಇಲ್ಲಿ ಬನ್ನಿ. ಇದನ್ನ ಓದಿ."

"ಸಹಿ ಎಲ್ಲಿ ಹಾಕಲಿ?"

"ಓದಿ ಅಂದೆ."

ಓದಿದೆ. ಇಲಾಖೆಯಿಂದ ಶಾಲೆಗೆ ಬಂದ ಪತ್ರ. 'ನಿಮ್ಮ ಶಾಲೆಗೆ ಮಂಜೂರಾದ ಎರಡು ಗುಮಾಸ್ತ ಹುದ್ದೆಗಳಲ್ಲಿ ಒಂದು ಖಾಲಿ ಇದೆಯೇ ತಿಳಿಸುವುದು. ಇದ್ದಲ್ಲಿ ಈ ಕೆಳಗಿನ ಅರ್ಜಿದಾರರನ್ನು ಅಲ್ಲಿಗೆ ನೇಮಿಸಲಾಗುವುದು.' ಕೆಳಗೆ ಒಂದೇ ಹೆಸರು. ನಮ್ಮ ಮನೆಯವಳದು. ಅದರ ಹಿಂದೆಯೇ ನಮ್ಮ ಶಾಲೆಯ ಉತ್ತರದ ಪ್ರತಿ: 'ಖಾಲಿ ಹುದ್ದೆ ಇರುವುದಿಲ್ಲ.' ಮುಖ್ಯೋಪಾಧ್ಯಾಯರ ಪರವಾಗಿ ಮೊಹರು. ಮೊಹರಿನ ಪಕ್ಕ ಬಾಲವೆಳೆದ, ಸುಂದರವಾದ, ನನ್ನ ಸಹಿ.

ಪುಟ ತಿರುವಿದೆ. ಮರುವರ್ಷದ ಪತ್ರ, ಅದೇ ಹೆಸರು, ಅದೇ ಉತ್ತರ, ಅದೇ ಸಹಿ. ತಿರುವುತ್ತಾ ಹೋದೆ. ಒಟ್ಟು ಹತ್ತು ಪತ್ರ. ಹತ್ತು ವರ್ಷ ಇಲಾಖೆ ನನ್ನನ್ನು ಕೇಳಿದೆ, ನಿನ್ನ ಹೆಂಡತಿಯನ್ನು ನಿನ್ನ ಪಕ್ಕದ ಮೇಜಿಗೆ ಕಳಿಸಲೇ ಎಂದು. ಹತ್ತು ಸಲವೂ ನಾನು ಹಳೆಯ ಉತ್ತರಕ್ಕೆ ಹೊಸ ತಾರೀಕು ಹಾಕಿ, ಬೇಡ ಎಂದು ಕಳಿಸಿದ್ದೇನೆ. ಈ ವರ್ಷ ನಿಯಮ ಬದಲಾಗಿ ನನ್ನನ್ನೇ ಎತ್ತಿದ್ದರಿಂದ, ಅವರು ನನ್ನನ್ನು ಕೇಳದೆ ಅವಳಿಗೆ ಜಾಗ ಕೊಟ್ಟಿದ್ದರು.

ನನಗೆ ನಾಚಿಕೆಯಾಯಿತು. ಇದನ್ನು ತಮಾಷೆಗೆ ಹೇಳುತ್ತಿಲ್ಲ. ಅವಳ ಎಡ ಮಂಡಿಯ ಕಡೆ ನೋಡಲೂ ಧೈರ್ಯ ಬರಲಿಲ್ಲ. ಹೆಡ್‌ಮಾಸ್ಟರು ಕೂಡ ಬಾಗಿಲಿನಿಂದ ಮೆಲ್ಲಗೆ ಹೋಗಿಬಿಟ್ಟರು.

ಅವಳು ಅಳಲಿಲ್ಲ, ಕೂಗಾಡಲಿಲ್ಲ. ಕೂಗಾಡಿದ್ದರೆ ಎಷ್ಟೋ ವಾಸಿಯಿತ್ತು. "ಒಂದೇ ಒಂದು ಸಲ ಓದಿದ್ದಿದ್ರೆ," ಅಂದಳು, "ನಾನು ಆ ಮೇಜಲ್ಲಿ, ನೀವು ಈ ಮೇಜಲ್ಲಿ. ಮಧ್ಯಾಹ್ನ ಇಬ್ಬರೂ ಮನೆಗೆ ಹೋಗಿ ಉಂಡು ಬರಬಹುದಿತ್ತು." ಆಮೇಲೆ ಪಟ್ಟಿಯಲ್ಲಿ ಬರೆದಳು: ಖಾಲಿ ಹುದ್ದೆಯ ಪತ್ರಗಳು, ಹತ್ತು. ಉತ್ತರಗಳು, ಹತ್ತು. ನಾನು ಸಹಿ ಹಾಕಿದೆ. ಈ ಸಲ ಬಾಲ ಎಳೆಯಲಿಲ್ಲ.

ತಟ್ಟನೆ ನನ್ನ ತಲೆಯಲ್ಲಿ ದೀಪ ಹೊತ್ತಿತು. "ಲೇ! ಆ ಪೋಸ್ಟು ಈಗಲೂ ಖಾಲಿನೇ ಅಲ್ವೇನೇ? ನಾನು ಅದಕ್ಕೆ ಅರ್ಜಿ ಹಾಕ್ತೀನಿ. ಇಲಾಖೆಯೋರು ಖಾಲಿ ಇದೆಯಾ ಅಂತ ಕೇಳ್ತಾರೆ. ನೀನು ಇದೆ ಅಂತ ಬರ್ದುಬಿಡು, ಆಯ್ತಲ್ಲ!"

"ಹಾಕಿ," ಅಂದಳು.

ಅವತ್ತೇ ಸಂಜೆ ಅರ್ಜಿ ಬರೆದೆ. ನನ್ನ ಜೀವನದಲ್ಲಿ ಎರಡು ಸಲ ಓದಿ ಸಹಿ ಹಾಕಿದ ಮೊದಲ ಕಾಗದ ಅದು. ಗುರುವಾರದಿಂದ ನಾನು ಆರೂ ಹತ್ತರ ಬಸ್ಸಿನಲ್ಲಿ ಒಂಟಿಕಾಲಲ್ಲಿ ನೇತಾಡತೊಡಗಿದೆ. ಬುತ್ತಿಯ ಡಬ್ಬಿಯ ವಿಷಯದಲ್ಲಿ ಅರ್ಜಿಯಲ್ಲಿ ಬರೆಸಿದ್ದು ಏನೂ ಉತ್ಪ್ರೇಕ್ಷೆಯಲ್ಲ, ಕಮ್ಮಿಯೇ ಆಗಿತ್ತು. ಈಗ ನಾಲ್ಕೂವರೆಗೆ ಅಲಾರಾಂ ಹೊಡೆದರೆ ಏಳುವವನು ನಾನು, ತರಕಾರಿ ಹೆಚ್ಚುವವನೂ ನಾನು.

ಇಲಾಖೆಯ ಪತ್ರ ಹೋದ ತಿಂಗಳು ಮೂರನೇ ತಾರೀಕು ಅವಳ ಮೇಜಿಗೆ ಬಂದಿದೆ. ಹೆಡ್‌ಮಾಸ್ಟರೇ ನನಗೆ ಗುಟ್ಟಾಗಿ ಹೇಳಿದರು. ಎರಡೇ ಸಾಲಿನ ಪತ್ರವಂತೆ: ಹುದ್ದೆ ಖಾಲಿ ಇದೆಯೇ, ಅರ್ಜಿದಾರ ಇಂಥವನು. ಉತ್ತರಕ್ಕೆ ಒಂದು ಸಾಲು ಸಾಕು. ದಿನಾ ಸಂಜೆ ಏಳೂಕಾಲಿಗೆ ನಾನು ಗೋಡೆ ಹಿಡಿದುಕೊಂಡು ಚಪ್ಪಲಿ ಬಿಚ್ಚುತ್ತಾ ಕೇಳುತ್ತೇನೆ, "ಆ ಕಾಗದಕ್ಕೆ ಉತ್ತರ ಬರೆದ್ಯಾ?"

ಅವಳು ಹಿಂದಿನ ಕೋಣೆಯಿಂದ, ಸ್ವಲ್ಪವೂ ಅವಸರವಿಲ್ಲದೆ ಹೇಳುತ್ತಾಳೆ:

"ಇನ್ನೂ ಓದ್ತಾ ಇದೀನಿ ರೀ."